ಉಪ್ಪಿನಕಾಯಿಯ ನಿಂಬೆ ಮತ್ತು ಹನ್ನೊಂದು ನಿಮಿಷ

ಸತ್ಯಕ್ಕೆ ತೂಕವಿದೆ ಎಂದು ಬಲ್ಲವರು ಹೇಳುತ್ತಾರೆ. ನಾನು ಕಂಡಂತೆ ತೂಕವಿದ್ದದ್ದು ಕ್ಯಾಮೆರಾದ ಸ್ಟ್ಯಾಂಡಿಗೆ. ಅದನ್ನು ಇಪ್ಪತ್ತು ವರ್ಷ ಹೊತ್ತು ಆಪಾ ಅವರ ಬಲಭುಜ ಎಡಭುಜಕ್ಕಿಂತ ಎರಡು ಬೆರಳು ಕೆಳಗಿಳಿದಿತ್ತು.

ಅವರು ಇಂಡಿ ಊರಿನಲ್ಲಿ ನಮ್ಮ ಪಕ್ಕದ ಮನೆಯವರು. ನನಗಿಂತ ಚಿಕ್ಕವರಾದರೂ ಊರಿನವರಂತೆ ನಾನೂ ಆಪಾ, ಅಂದರೆ ಅಕ್ಕ, ಎಂದೇ ಕರೆಯುತ್ತಿದ್ದೆ. ಸುದ್ದಿ ಜನರನ್ನು ಏನು ಮಾಡುತ್ತದೆ ಎಂದು ಸಾಕ್ಷ್ಯಚಿತ್ರ ತೆಗೆಯುವುದು ಅವರ ಕಸುಬು. ಸಿಂದಗಿಯ ಚಹಾದಂಗಡಿಯಲ್ಲಿ ಹನ್ನೆರಡು ಜನ ಒಂದೇ ಪೇಪರಿನ ಹಾಳೆ ಹಂಚಿಕೊಂಡು ಜಗಳಾಡುವುದನ್ನು ಮೂರು ದಿನ ಚಿತ್ರಿಸಿದ್ದರು. ನಿವೃತ್ತ ಮಾಸ್ತರನಾದ ನಾನು ಮೈಕಿನ ಕೋಲು ಹಿಡಿಯುವ ಉನ್ನತ ಹುದ್ದೆಗೆ ಅವಿರೋಧವಾಗಿ ಆಯ್ಕೆಯಾದೆ.

ಅವರದೊಂದು ಕಟ್ಟಳೆಯಿತ್ತು. ಚಿತ್ರವನ್ನು ಮೊದಲು ಅದರಲ್ಲಿರುವವರಿಗೇ ತೋರಿಸಬೇಕು. ಅವರು ಬೇಡವೆಂದದ್ದನ್ನು ಅವರ ಕಣ್ಣೆದುರೇ ಅಳಿಸಬೇಕು, ಪ್ರತಿ ಇಟ್ಟುಕೊಳ್ಳಬಾರದು. "ಟೀವಿಯವ್ರು ಕೇಳಲಾರದ ಒಯ್ತಾರ. ನಾವೂ ಹಂಗ ಒಯ್ದ್ರ ಅವ್ರಿಗೂ ನಮಗೂ ಏನ್ ಫರಕ್, ಮಾಸ್ತರ?"

ಕೊನೆಯ ಚಿತ್ರಕ್ಕೆ ತಾಂಬಾ ಹಳ್ಳಿಯ ನಿಂಬೆ ಬೆಳೆಗಾರನೊಬ್ಬ ಸಿಕ್ಕ. ದರ ಬಿದ್ದ ಸಿಟ್ಟಿಗೆ ಒಂದು ಗಾಡಿ ನಿಂಬೆ ರಸ್ತೆಗೆ ಸುರಿದಿದ್ದ. ಟೀವಿಯವರು ಬರುವಷ್ಟರಲ್ಲಿ ಜನ ಅವನ್ನು ಆರಿಸಿಕೊಂಡು ಹೋಗಿದ್ದರು. ಮತ್ತೊಮ್ಮೆ ಸುರಿಯಿರಿ ಎಂದರಂತೆ. ಹೆಂಡತಿ ಉಪ್ಪಿನಕಾಯಿಗೆಂದು ತೆಗೆದಿಟ್ಟದ್ದನ್ನೇ ತಂದು ಸುರಿದ.

"ನನ್ನ ಮೂರ್ ಸಲ ಅಳೂ ಹಂಗ ಮಾಡಿದ್ರು. ಎರಡನೇ ಅಳು ಚಲೋ ಬಂತಂದ್ರು" ಎಂದು ನಮ್ಮ ಕ್ಯಾಮೆರಾದೆದುರು ಹೇಳಿದ.

"ನನ್ನ ನಿಂಬಿಕಾಯಿಗಿ ಒಬ್ಬರೂ ಅಳಲಿಲ್ಲ ನೋಡ್ರಿ!" ಎಂದು ಹೆಂಡತಿ ಒಳಗಿಂದ ಕೂಗಿದಳು.

ಇಡೀ ಚಿತ್ರ ನಿಂತದ್ದು ಅವನ ಆ ಮಾತಿನ ಮೇಲೆ. ಅವನ ಪಡಸಾಲೆಯಲ್ಲಿ ತೋರಿಸಿದಾಗ ಅವನು ಗೋಡೆಯತ್ತ ಕೈಮಾಡಿದ. ಟೀವಿಯಲ್ಲಿ ಅಳುತ್ತಿದ್ದ ತನ್ನದೇ ಫೋಟೊಗೆ ಕಟ್ಟು ಹಾಕಿಸಿದ್ದ.

"ಇದನ್ನ ನೋಡೇ ನನ್ನ ಸಂಘಕ್ಕ ಅಧ್ಯಕ್ಷ ಮಾಡ್ಯಾರ್ರಿ ಆಪಾ. ನಾಟಕ ಅಂತ ಗೊತ್ತಾದ್ರ ಊರಾಗ ಹೆಂಗ ತಲಿ ಎತ್ತಲಿ? ತಗದ ಬಿಡ್ರಿ."

"ಇದನ್ನ ತಗದ್ರ ಚಿತ್ರನ ಇಲ್ಲ!" ಎಂದು ನಾನು ಕೂಗಾಡಿದೆ.

"ಮಾತು ಕೊಟ್ಟೇನಿ, ಮಾಸ್ತರ" ಎಂದ ಆಪಾ, ಲ್ಯಾಪ್‌ಟಾಪಿನ ಗುಂಡಿಯನ್ನು ಅವನಿಂದಲೇ ಒತ್ತಿಸಿದರು. ಐವತ್ತು ನಿಮಿಷದ ಚಿತ್ರ ಹನ್ನೊಂದಕ್ಕಿಳಿಯಿತು. ವಾಪಸು ಬರುವಾಗ ಬಸ್ಸಿನಲ್ಲಿ ನಾನು ಬೇರೆ ಸೀಟು ಹಿಡಿದು ಕೂತೆ. ಆ ಸಿಟ್ಟು ಇವತ್ತಿಗೂ ಇಳಿದಿಲ್ಲ.

ಉಳಿದದ್ದನ್ನು ಮುದ್ದೇಬಿಹಾಳದ ಕಾಲೇಜೊಂದರಲ್ಲಿ ತೋರಿಸಿದೆವು. ಒಬ್ಬ ವಿದ್ಯಾರ್ಥಿನಿ ಎದ್ದು ನಿಂತು, "ಮೇಡಮ್, ಟೀವಿಯವ್ರು ಸುಳ್ಳ ತೋರಸ್ತಾರ ಅಂತೀರಿ. ಪುರಾವೆ ಏನೈತ್ರಿ?" ಎಂದಳು.

"ಇತ್ತವ್ವಾ" ಎಂದು ಆಪಾ ಕುಳಿತುಬಿಟ್ಟರು.

ಈ ಬೇಸಿಗೆಯಲ್ಲಿ ಅವರು ತೀರಿಕೊಂಡರು. ಮಣ್ಣು ಕೊಡಲು ಬಂದಿದ್ದ ಬೆಳೆಗಾರ ನನ್ನ ಕೈ ಹಿಡಿದುಕೊಂಡ. "ಆಪಾನ ಸಲುವಾಗಿ ಇನ್ನೊಮ್ಮಿ ಎಲ್ಲಾ ಹೇಳ್ತೇನಿ, ಕ್ಯಾಮೆರಾ ತರ್ರಿ ಮಾಸ್ತರ. ಬೇಕಂದ್ರ ಅಳ್ತೇನಿ."

ನಾನು ಕ್ಯಾಮೆರಾ ಒಯ್ಯಲಿಲ್ಲ. ಚಿತ್ರ ಈಗಲೂ ಹನ್ನೊಂದು ನಿಮಿಷದ್ದೇ.