ಹತ್ತನೇ ನಿಮಿಷದ ಹೆಣ
ಇಂಗ್ಲೆಂಡಿನ ಕಡಲತೀರದ ಊರು ಮಾರ್ಗೇಟಿನ ಮೀನಂಗಡಿಗೆ ಸಿರಿಲ್ ಪೆಂಗೆಲಿ ಬಂದರೆ ಗಿರಾಕಿಗಳೆಲ್ಲ, ಇವರನ್ನು ಎಲ್ಲೋ ನೋಡಿದ್ದೇವಲ್ಲ ಎಂದು ತಲೆ ಕೆರೆದುಕೊಳ್ಳುತ್ತಿದ್ದರು. ನಲವತ್ತು ವರ್ಷ ಸಿನಿಮಾ, ಟೀವಿಗಳಲ್ಲಿ ಪಾದ್ರಿಯಾಗಿ, ಪೇದೆಯಾಗಿ ಹತ್ತನೇ ನಿಮಿಷಕ್ಕೆ ಹೆಣವಾದ ಮುಖ ಅದು. "ಏನ್ ಸಾರ್, ಈ ವಾರ ವಿಷಾನೋ ಚೂರಿನೋ?" ಎಂದು ಅಂಗಡಿಯ ವಿಲ್ಫ್ ಕೆಣಕಿದರೆ, "ಮೆಟ್ಟಿಲಿಂದ ಉರುಳ್ತೀನಪ್ಪಾ, ಬಡ್ತಿ ಸಿಕ್ಕಿದೆ" ಎಂದು ಗತ್ತಿನಿಂದ ಹೇಳಿ, ತನಗೊಂದು, ಹೆಂಡತಿ ಡಿಲಿಸ್‌ಗೊಂದು ಮೀನು ಕಟ್ಟಿಸಿಕೊಳ್ಳುತ್ತಿದ್ದರು. ಡಿಲಿಸ್ ತೀರಿಕೊಂಡ ಮೇಲೆ ಒಂದೇ ಮೀನು. ಒಮ್ಮೆ ಅಂಗಡಿಯ ಟೀವಿಯಲ್ಲಿ ಅವರದೇ ಹಳೆಯ ಧಾರಾವಾಹಿ ಬಂತು, ಪಾದ್ರಿ ವಿಷದ ಚಹಾ ಎತ್ತಿಕೊಳ್ಳುವಷ್ಟರಲ್ಲಿ ಸಿರಿಲ್, "ಆರಿಸಿಬಿಡಪ್ಪಾ. ನಾನು ಸಾಯೋದನ್ನ ಡಿಲಿಸ್ ಒಂದ್ಸಲಾನೂ ನೋಡ್ಲಿಲ್ಲ, ಅಷ್ಟರಲ್ಲಿ ಎದ್ದು ಆರಿಸಿಬಿಡೋಳು" ಎಂದರು. ಈಗ ಸಿರಿಲ್ಲೂ ಇಲ್ಲ. ಆ ಧಾರಾವಾಹಿ ಮತ್ತೆ ಬಂದಾಗಲೆಲ್ಲ, ಗಿರಾಕಿಗಳು ಎಷ್ಟೇ ಗೊಣಗಲಿ, ವಿಲ್ಫ್ ಒಂಬತ್ತನೇ ನಿಮಿಷಕ್ಕೆ ಟೀವಿ ಆರಿಸುತ್ತಾನೆ.