ಮೀಟರ್ ಡಬ್ಬಗಳ ಸುದ್ದಿ

ಹದಿನಾರು ಎಂಬ ಊರಿನಿಂದ ನಂಜನಗೂಡಿನ ಗಾರ್ಮೆಂಟ್ಸ್ ಫ್ಯಾಕ್ಟರಿಗೆ ಹೆಂಗಸರನ್ನು ಕರೆದೊಯ್ಯುವ ಬಸ್ಸಿನ ಡ್ರೈವರ್ ಆಗಿದ್ದೆ ನಾನು, ನಂಜೇಶ. ನನ್ನ ಬಾಯಿ ಸುಮ್ಮನಿರುವ ಜಾತಿಯದಲ್ಲ, ನಮ್ಮ ಮನೆಯವಳೂ ಅದನ್ನೇ ಹೇಳಿ ಹೇಳಿ ಸೋತಿದ್ದಾಳೆ. ಆ ಬಾಯಿಂದಾದ ಎಡವಟ್ಟನ್ನು ಮೈಮೇಲೆ ಹಾಕಿಕೊಂಡ ಗುರುಬಸಕ್ಕನ ವಿಷಯ ಹೇಳಬೇಕು.

ಅಕ್ಕ ಹದಿನೆಂಟು ವರ್ಷದಿಂದ ಅಲ್ಲಿ ಕಾಲರ್ ಹೊಲಿಯುತ್ತಿದ್ದಾಳೆ. ಹಣೆ ತುಂಬ ವಿಭೂತಿ, ಕೈಯಲ್ಲಿ ಊಟದ ಕ್ಯಾರಿಯರ್. ಅದರಲ್ಲಿ ಒಂದು ಡಬ್ಬಿ ಯಾವಾಗಲೂ ಬೇರೆ ಯಾರಿಗೋ. ಯಾರಾದರೂ ಸುದ್ದಿ ತಂದರೆ "ನೀನು ಕಣ್ಣಾರೆ ಕಂಡ್ಯಾ?" ಎಂದು ಕೇಳುತ್ತಾಳೆ, ಅಷ್ಟೇ.

ಕಳೆದ ವರ್ಷ ಫ್ಯಾಕ್ಟರಿಗೆ ಒಂದು ಲಾರಿ ಮೀಟರ್ ಡಬ್ಬಗಳು ಬಂದಿಳಿದವು. ಯಾರು ಎಷ್ಟು ಪೀಸ್ ಹೊಲಿದರೆಂದು ಮಿಷನ್ನಿಗೆ ಕಟ್ಟಿ ಎಣಿಸುವಂಥವು. ಉಳಿದದ್ದನ್ನು ನಾನೇ ಸೇರಿಸಿಕೊಂಡು, "ಇನ್ಮೇಲೆ ತಿಂಗಳ ಸಂಬ್ಳ ಇಲ್ವಂತೆ ಕಣ್ರವ್ವಾ, ಪೀಸ್ ಲೆಕ್ಕವಂತೆ" ಎಂದು ಬಸ್ಸಿನಲ್ಲಿ ಬಿಟ್ಟೆ. ಸಂಜೆಯ ಹೊತ್ತಿಗೆ ಅದಕ್ಕೆ ತಾರೀಖೂ ಹುಟ್ಟಿತ್ತು.

ಪೆಟ್ಟು ಬಿದ್ದದ್ದು ರಮ್ಯಳಿಗೆ. ಹೆರಿಗೆಯಾಗಿ ಈಚೆಗೆ ಬಂದ ಹುಡುಗಿ, ಕೈ ಇನ್ನೂ ನಿಧಾನ. ಪೀಸ್ ಲೆಕ್ಕವಾದರೆ ಮಗುವಿನ ಹಾಲಿಗೂ ಸಾಲದು, ಈಗಲೇ ಬಿಟ್ಟರೆ ಪಿಎಫ್ ಆದರೂ ಸಿಗುತ್ತದೆ ಎಂದು ರಾಜೀನಾಮೆ ಬರೆದುಕೊಟ್ಟೇಬಿಟ್ಟಳು. ಇನ್ನೆರಡು ತಿಂಗಳು ತಡೆದಿದ್ದರೆ ಐದು ವರ್ಷ ತುಂಬಿ ಗ್ರಾಚ್ಯುಟಿಯೂ ಬರುತ್ತಿತ್ತು.

ಗುರುಬಸಕ್ಕ ಅವಳ ಕೈ ಹಿಡಿದುಕೊಂಡು ನೇರ ಮ್ಯಾನೇಜರ್ ಅಮೃತೇಶ್ ಅವರ ಕೋಣೆಗೆ ಹೋದಳು. ಟ್ರಿಪ್ ಶೀಟಿಗೆ ಸಹಿ ಹಾಕಿಸಲು ನಾನೂ ಅಲ್ಲೇ ನಿಂತಿದ್ದೆ.

"ಸಾ, ಮೀಟರ್ ಬಂದದೆ. ಸಂಬ್ಳ ಬದ್ಲಾಯ್ತದಾ? ಇದ್ದಿದ್ದು ಇದ್ದಂಗೆ ಯೋಳ್ಬುಡಿ."

"ಈ ವರ್ಷ ಇಲ್ಲಮ್ಮ. ಮುಂದಿನ ವರ್ಷದ್ದು ನನಗೂ ಗೊತ್ತಿಲ್ಲ. ಈಕೆ ಕಾಗದ ವಾಪಸ್ ಕೊಡ್ತೀನಿ. ಆದ್ರೆ ಇದನ್ನ ಹಬ್ಬಿಸಿದ್ದು ಯಾರು, ಹೆಸರು ಬೇಕು" ಎಂದರು ಅವರು.

ಡ್ರೈವರನ್ನು ತೆಗೆಯುವುದು ಅವರಿಗೆ ಒಂದು ಫೋನಿನ ಕೆಲಸ. ಅಕ್ಕ ದಿನಾ ಕೂರುವುದು ನನ್ನ ಬೆನ್ನ ಹಿಂದಿನ ಸೀಟಿನಲ್ಲೇ, ಅವಳಿಗೆ ಎಲ್ಲ ಗೊತ್ತಿತ್ತು.

"ನಾನೇ ಸಾ" ಎಂದಳು.

ಹದಿನೆಂಟು ವರ್ಷದಲ್ಲಿ ಮೊದಲ ಸಲ ಅವಳಿಗೆ ವಾರ್ನಿಂಗ್ ಲೆಟರ್ ಕೊಟ್ಟರು. ರಮ್ಯ ತನ್ನ ಕಾಗದ ಇಸಿದುಕೊಂಡು ಅಳುತ್ತಾ ಮಿಷನ್ನಿಗೆ ಹೋದಳು. ನಾನು ಟ್ರಿಪ್ ಶೀಟಿಗೆ ಸಹಿ ಹಾಕಿಸಿಕೊಂಡು ಹೊರಗೆ ಬಂದೆ, ಹೇಡಿಯಂತೆ.

ಸಂಜೆ ಬಸ್ಸಿನಲ್ಲಿ ಅಕ್ಕ ಎದ್ದು ನಿಂತು, "ಈ ವರ್ಸ ಇಲ್ವಂತೆ. ಮುಂದಿನ ವರ್ಸದ್ದು ಗೊತ್ತಿಲ್ವಂತೆ. ಎರಡ್ನೂ ಸೇರ್ಸೇ ಮನೇಲಿ ಯೋಳಿ" ಎಂದಳು. ಹದಿನಾರಿನಲ್ಲಿ ಬೇರೆ ಎಲ್ಲರೂ ಇಳಿದ ಮೇಲೆ ನಾನು ಅಕ್ಕನನ್ನು ಕೇಳಿದೆ, "ಯಾಕಕ್ಕಾ ಅಂಗಂದೆ?"

"ಒಂದು ಮನೆ ಒಲೆ ಉಳಿಸಕ್ಕೆ ಓಗಿ ಇನ್ನೊಂದು ಮನೇದು ಆರಿಸ್ಲೇನಪ್ಪಾ?"

ಮರುದಿನ ಬೆಳಿಗ್ಗೆ ಅಮೃತೇಶ್ ಮುಂದೆ ನಿಂತು, "ಅಕ್ಕ ಸುಳ್ಳು ಯೋಳವ್ಳೆ ಸಾ, ಹಬ್ಸಿದ್ದು ನಾನು, ಆ ಲೆಟರ್ ನಂದು" ಎಂದೆ. ಅವರು ಅಕ್ಕನ ಫೈಲಿನಿಂದ ಲೆಟರ್ ತೆಗೆಸಿದರು, ನನ್ನನ್ನು ಬನ್ನೂರು ರೂಟಿಗೆ ಹಾಕಿದರು. ಕೆಲಸ ಉಳಿಯಿತು. ಆದರೆ ಅಂಥ ಅಕ್ಕನನ್ನು ದಿನಾ ಮನೆ ಮುಟ್ಟಿಸುವ ಪುಣ್ಯ ಈಗ ಬೇರೆ ಡ್ರೈವರಿಗೆ, ಅದಕ್ಕೆ ಹೊಟ್ಟೆ ಉರಿಯುತ್ತದೆ.