ಅಕ್ಕ ಕೊಡಿಸಿದ ಡಾಂಗಲ್

ಅಕ್ಕ ತೀರಿಕೊಂಡು ಐದು ತಿಂಗಳಾಗಿತ್ತು. ಅವಳು ಕೊಡಿಸಿದ್ದ ಡಾಂಗಲ್ ಒಂದು ಬೆಳಿಗ್ಗೆ ಸುಮ್ಮನಾಗಿಬಿಟ್ಟಿತು.

ಎರಡು ಸಾವಿರದ ದಶಕದ ಕೊನೆಯ ವರ್ಷಗಳು. ಸುಲ್ತಾನ್‌ಪೇಟೆಯ ಅಂಗಡಿಯೊಂದಕ್ಕೆ ಮದುವೆ ಕಾರ್ಡುಗಳನ್ನು ಕಂಪೋಸ್ ಮಾಡಿಕೊಡುವುದು ನನ್ನ ಕೆಲಸ. ಹನುಮಂತನಗರದ ಮನೆಯಲ್ಲೇ ಮಾಡಿದರೂ ಪ್ರೂಫ್ ಹಿಡಿದು ದಿನಾ ಎರಡು ಸಲ ಬಸ್ಸು ಹತ್ತಬೇಕಿತ್ತು. ಶಾಲೆಯಲ್ಲಿ ಟೀಚರಾಗಿದ್ದ ಅಕ್ಕ ಅದನ್ನು ನೋಡಲಾರದೆ ತನ್ನ ಹೆಸರಲ್ಲೇ ಫಾರಂ ತುಂಬಿ ಡಾಂಗಲ್ ತಂದಳು. ಬೆರಳುದ್ದದ ಬಿಳಿ ವಸ್ತು, ಒಳಗೊಂದು ಸಿಮ್. ಕಂಪ್ಯೂಟರಿಗೆ ಸಿಕ್ಕಿಸಿದರೆ ನೀಲಿ ದೀಪ ಮಿಣುಕಿ ಇಂಟರ್ನೆಟ್ ಬರುತ್ತಿತ್ತು.

ಅಂದು ದೀಪ ಬರಲಿಲ್ಲ. ಹಿಂದಿನ ಪೋರ್ಟಿಗೆ ಹಾಕಿದೆ, ಮುಂದಿನದಕ್ಕೆ ಹಾಕಿದೆ. ಸಿಮ್ ತೆಗೆದು ಒರೆಸಿ ಮತ್ತೆ ಕೂರಿಸಿದೆ. ಕಂಪ್ಯೂಟರನ್ನು ಮೂರು ಸಲ ಆರಿಸಿ ಹಚ್ಚಿದೆ.

"ಹೋಗ್ಲಿ ಬಿಡೋ, ಹೊಸದು ತಗೊಂಡ್ರಾಯ್ತು" ಅಂದಳು ಅಮ್ಮ.

ಬಿಡಲು ಮನಸ್ಸಾಗಲಿಲ್ಲ. ಚಾಮರಾಜಪೇಟೆಯಲ್ಲಿ ಮೊದಲು ರೇಡಿಯೋ, ಆಮೇಲೆ ಮೊಬೈಲ್ ರಿಪೇರಿಗೆ ಇಳಿದ ಹಿರಿಯರೊಬ್ಬರಿದ್ದರು. ಅವರ ಬಳಿ ಒಯ್ದೆ. ಅವರು ಬ್ಲೇಡಿನಿಂದ ಅದರ ಚಿಪ್ಪು ಬಿಡಿಸಿ, ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ನೋಡಿದರು.

"ಬುಡದಲ್ಲಿ ಬೆಸುಗೆ ಬಿಟ್ಟಿದೆ. ಎಳ್ದೂ ಎಳ್ದೂ ಹಿಂಗಾಗತ್ತೆ."

ಎರಡು ಕಡೆ ಕಾದ ಕಡ್ಡಿ ಮುಟ್ಟಿಸಿದರು, ಸಣ್ಣಗೆ ಹೊಗೆ ಎದ್ದಿತು. ತಮ್ಮ ಕಂಪ್ಯೂಟರಿಗೆ ಹಾಕಿದ ಕೂಡಲೇ ನೀಲಿ ದೀಪ ಹತ್ತಿಕೊಂಡಿತು. ಪರದೆಯ ಮೇಲೆ ಅದರದೇ ಒಂದು ಕಿಟಕಿ ತೆರೆದುಕೊಂಡಿತು.

"ಸರಿಯಾಗಿದೆ ಸಾರ್. ಇನ್‌ಬಾಕ್ಸ್ ಮಾತ್ರ ತುಂಬ್ಹೋಗಿದೆ. ಎಲ್ಲಾ ಜಾಹೀರಾತು ಅನ್ಸತ್ತೆ. ಅಳಿಸ್ಬಿಡ್ಲಾ?"

ಡಾಂಗಲ್‌ಗೂ ಒಂದು ನಂಬರ್ ಇರುತ್ತದೆ, ಅದಕ್ಕೂ ಮೆಸೇಜ್ ಬರುತ್ತದೆ ಎಂಬುದು ನನ್ನ ಲಕ್ಷ್ಯದಲ್ಲೇ ಇರಲಿಲ್ಲ. ಆ ಇನ್‌ಬಾಕ್ಸನ್ನು ಒಮ್ಮೆಯೂ ತೆರೆದವನಲ್ಲ. ಬಗ್ಗಿ ನೋಡಿದೆ. ಪಟ್ಟಿಯ ನಡುವೆ ಅಕ್ಕನ ನಂಬರ್ ಇತ್ತು. ನಾಲ್ಕು ಸಲ.

"ಬೇಡ" ಅಂದೆ. ಅವರು ನನ್ನ ಮುಖ ನೋಡಿದರು. ಮೌಸನ್ನು ನನ್ನ ಕಡೆ ಸರಿಸಿ ಅಂಗಡಿಯ ಮೆಟ್ಟಿಲಿಗೆ ಹೋಗಿ ನಿಂತರು.

ಅಕ್ಕ ಆಸ್ಪತ್ರೆಯಲ್ಲಿದ್ದದ್ದು ನಾಲ್ಕೇ ದಿನ. ಎದೆಯಲ್ಲಿ ನೀರು ತುಂಬಿ, ಮೂಗು ಬಾಯಿ ಮುಚ್ಚುವಂತೆ ಆಕ್ಸಿಜನ್ ಹಾಕಿದ್ದರು. ಮಾತಾಡುವ ಹಾಗಿರಲಿಲ್ಲ. ಸಂಜೆ ಆರಕ್ಕೆ ಮಾತ್ರ ಒಳಗೆ ಬಿಡುತ್ತಿದ್ದರು. ಅವಳ ಮೊಬೈಲಿನಲ್ಲಿ ನನ್ನ ಹೆಸರು ಎರಡು ಕಡೆ ಇತ್ತು: ಒಂದು ನನ್ನ ಫೋನಿನದು, ಇನ್ನೊಂದು ಡಾಂಗಲ್ಲಿನದು. ಕನ್ನಡಕವಿಲ್ಲದೆ ಅವಳಿಗೆ ಅಕ್ಷರ ಸರಿಯಾಗಿ ಕಾಣುತ್ತಿರಲಿಲ್ಲ; ಪ್ರತಿ ಸಲ ಒತ್ತಿದ್ದು ಡಾಂಗಲ್ಲಿನದನ್ನೇ.

ಮೊದಲ ಮೆಸೇಜು ಕನ್ನಡಕದ್ದೇ. ಇಂಗ್ಲಿಷ್ ಅಕ್ಷರದಲ್ಲಿ ತಪ್ಪುತಪ್ಪಾಗಿ ಕುಟ್ಟಿದ ಕನ್ನಡ. 'ಕನ್ನಡಕ ಟಿವಿ ಮೇಲಿದೆ, ತಗೊಂಡ್ ಬಾ.' ಮಾರನೆಯ ದಿನದ್ದು: 'ನಿನ್ನೆ ಮರೆತ್ಯಾ?' ಮೂರನೆಯದು: 'ಅಮ್ಮನ್ನ ಕರ್ಕೊಂಡ್ ಬರಬೇಡ, ನೋಡಿದ್ರೆ ಹೆದರ್ತಾಳೆ.'

ಆ ದಿನ ನಾನು ಅಮ್ಮನನ್ನು ಕರೆದುಕೊಂಡೇ ಹೋಗಿದ್ದೆ. ಪ್ರತಿ ಸಂಜೆ ಒಳಗೆ ಹೋದೊಡನೆ ಅಕ್ಕ ಮೊದಲು ನನ್ನ ಕೈ ನೋಡುತ್ತಿದ್ದಳು, ಆಮೇಲೆ ಮುಖ. ಜ್ವರದ ಮಂಪರು ಅಂದುಕೊಂಡಿದ್ದೆ.

ನಾಲ್ಕನೆಯದು ಕೊನೆಯ ದಿನದ ಮಧ್ಯಾಹ್ನದ್ದು. 'ಇವತ್ತು ಬೇಗ ಬಾ. ಒಬ್ಳೇ ಇರಕ್ಕೆ ಆಗ್ತಿಲ್ಲ.' ಆ ಹೊತ್ತಿಗೆ ನಾನು ಸುಲ್ತಾನ್‌ಪೇಟೆಯಲ್ಲಿ ಕೂತು, ಗಿರಾಕಿಯೊಬ್ಬರು ಹೇಳಿದ ಹಾಗೆ ಕಾರ್ಡಿನಲ್ಲಿ ಬಿಟ್ಟುಹೋಗಿದ್ದ ಸೋದರಮಾವಂದಿರ ಹೆಸರು ಸೇರಿಸುತ್ತಿದ್ದೆ. ಆರಕ್ಕೆ ಆಸ್ಪತ್ರೆ ಮುಟ್ಟಿದಾಗ ಮಂಚದ ಸುತ್ತ ಪರದೆ ಎಳೆದಿದ್ದರು.

ರಿಪೇರಿ ಅಂಗಡಿಯಿಂದ ಮನೆಗೆ ಬಂದು ಅಮ್ಮನಿಗೆ ಹೇಳದೆ ಇರಲಾಗಲಿಲ್ಲ. ಡಾಂಗಲ್ ಹಾಕಿ ಒಂದೊಂದಾಗಿ ಓದಿದೆ. ಅಮ್ಮ ಕುರ್ಚಿಯ ಬೆನ್ನು ಹಿಡಿದು ಹಿಂದೆ ನಿಂತಿದ್ದಳು. ಅವಳಿಗೆ ಇಂಗ್ಲಿಷ್ ಅಕ್ಷರ ಬರುತ್ತಿರಲಿಲ್ಲ.

"ಕನ್ನಡಕ ಟಿವಿ ಮೇಲೇ ಇತ್ತು ಕಣೋ. ನಾನೇ ದಿನಾ ಒರೆಸಿ ಇಡ್ತಿದ್ದೆ" ಅಂದಳು. ಮೂರನೆಯದಕ್ಕೆ, "ನಾನೇನೂ ಹೆದರಿರಲಿಲ್ಲ" ಅಂದಳು.

ಮೂರು ಓದಿ ನಿಲ್ಲಿಸಿದೆ.

"ಅಷ್ಟೇನಾ?"

"ಅಷ್ಟೇ ಅಮ್ಮ."

ಅಮ್ಮ ಪರದೆಯನ್ನೇ ನೋಡುತ್ತಿದ್ದಳು. ಸಾಲುಗಳನ್ನು ಎಣಿಸುತ್ತಿದ್ದಾಳೇನೋ ಅನ್ನಿಸಿತು. ಕೊನೆಗೆ ಅವಳು ಒಳಗೆ ಹೋಗಿ ಒಲೆ ಹಚ್ಚಿದ ಸದ್ದು ಕೇಳಿಸಿತು.

ಆಮೇಲೆ ಅಮ್ಮ ಏಳು ವರ್ಷ ಬದುಕಿದಳು. ನಾಲ್ಕನೆಯದರ ಸುದ್ದಿ ಅವಳಿಗೆ ಹೇಳಲೇ ಇಲ್ಲ. ಹೇಳಿದ್ದರೆ ಬೈಯುತ್ತಿರಲಿಲ್ಲ, ತಲೆ ಸವರುತ್ತಿದ್ದಳು. ಅದು ಗೊತ್ತಿದ್ದರಿಂದಲೇ ಬಾಯಿ ಬರಲಿಲ್ಲ.